ಓದುಗರ ಪ್ರಶ್ನೆ: ಇಲ್ಲದ ನಾಡಿಗೆ ನೀರು ಎಲ್ಲಿಂದ?

ಕತೆ, ನಾಟಕ, ಆಟಗಳಿಗಾಗಿ ಬೇರೊಂದು ಲೋಕ ಕಟ್ಟುತ್ತಿರುವ ಕಲಬುರಗಿ, ಬೀದರ್, ಯಾದಗಿರಿ ಓದುಗರ ಪತ್ರಗಳನ್ನು ಈ ಸಲ ಒಟ್ಟಿಗೆ ತೆಗೆದುಕೊಂಡಿದ್ದೇವೆ.

ಪ್ರಶ್ನೆ: ಮಕ್ಕಳ ಧಾರಾವಾಹಿಗೆ ನಕ್ಷೆ ಬರೆದಿದ್ದೇನೆ. ಬೆಟ್ಟದ ಸರೋವರದಿಂದ ಹೊರಟ ನದಿ ಮೂರಾಗಿ ಒಡೆದು ಮೂರು ಸಮುದ್ರ ಸೇರುತ್ತದೆ. ಮಗಳು ‘ಹಿಂಗ ಎಲ್ಲರ ಇರ್ತದೇನಪ್ಪ?’ ಅಂತಾಳೆ. (ಸೇಡಂ)

ಉತ್ತರ: ಮಗಳ ಅನುಮಾನ ಸರಿ. ನದಿಗಳು ಹರಿಯುತ್ತ ಕೂಡುತ್ತವೆ. ಒಡೆಯುವುದು ಹೆಚ್ಚಾಗಿ ಸಮುದ್ರದ ಹತ್ತಿರ, ನೆಲ ಸಪಾಟಾದ ಮೇಲೆ. ಸರೋವರಕ್ಕೆ ಎರಡು ಕೋಡಿ ಇದ್ದರೂ ತಗ್ಗಿನ ಕೋಡಿ ಕೊರೆದುಕೊಂಡು ಆಳವಾಗುತ್ತದೆ, ಇನ್ನೊಂದು ಒಣಗುತ್ತದೆ.

ಮೂರು ಸಮುದ್ರ ಬೇಕೇ ಬೇಕೆಂದರೆ ಮೂರು ನದಿ ಬರೆಯಿರಿ, ನಡುವೆ ದಿಣ್ಣೆ ಇಡಿ. ದಿಣ್ಣೆ ಎಂದರೆ ಹಿಮಾಲಯವೇ ಆಗಬೇಕಿಲ್ಲ. ನಿಮ್ಮ ಸೇಡಂ ಬದಿಯ ಕಾಗಿಣಾ ಭೀಮೆಗೆ ಸೇರಿ, ಭೀಮೆ ಕೃಷ್ಣೆಗೆ ಸೇರುತ್ತದೆ. ಬೀದರಿನ ಮಾಂಜ್ರಾ ಹೋಗುವುದು ಗೋದಾವರಿಗೆ. ಈ ಎರಡು ಜಲಾನಯನಗಳ ನಡುವಿನ ಏರು ಬಸ್ಸಿನಲ್ಲಿ ಕುಳಿತವರಿಗೆ ಗೊತ್ತೂ ಆಗುವುದಿಲ್ಲ.

ನಕ್ಷೆಯಲ್ಲಿ ಮೊದಲು ಎತ್ತರದ ಅಂಕಿ ಬರೆಯಿರಿ: ಬೀದರ್ 600 ಮೀಟರಿಗೆ ಮೇಲೆ, ಕಲಬುರಗಿ 450ರ ಆಸುಪಾಸು, ಯಾದಗಿರಿ 400ಕ್ಕೂ ಕೆಳಗೆ ಎಂಬಂತೆ. ನೀಲಿ ಪೆನ್ಸಿಲ್ ಕೊನೆಗೆ ಹಿಡಿಯಿರಿ. ಎತ್ತಿನ ಗಾಡಿ ದಿನಕ್ಕೆ 20–25 ಕಿ.ಮೀ. ಸಾಗುತ್ತದೆ. ಸಂತೆಯೂರುಗಳ ಅಂತರ ಈ ಲೆಕ್ಕಕ್ಕೆ ಹೊಂದಲಿ.

ಪ್ರಶ್ನೆ: ನಮ್ಮ ನಾಟಕದ ರಾಜಧಾನಿ ಕೆಂಪು ಗುಡ್ಡದ ಮೇಲಿದೆ, ಹತ್ತಿರ ಹೊಳೆ ಇಲ್ಲ. ಮಂತ್ರದ ಬಾವಿ ಬೇಡ. ಜನ ಏನು ಕುಡಿಯಬೇಕು? (ಬೀದರ್)

ಉತ್ತರ: ನಿಮ್ಮ ಕಾಲ ಕೆಳಗೇ ಉತ್ತರವಿದೆ. ಬೀದರಿನ ಮೇಲ್ಪದರ ಜಂಬಿಟ್ಟಿಗೆ ಕಲ್ಲು, ತೂತು ತೂತು, ಮಳೆ ನೀರನ್ನು ಹೀರುತ್ತದೆ. ಅದರ ಕೆಳಗೆ ನೀರನ್ನು ಸುಲಭಕ್ಕೆ ಬಿಡದ ಕರಿಕಲ್ಲು, ಜೇಡಿ. ಹೀರಿದ ನೀರು ಎರಡರ ಸಂದಿನಲ್ಲಿ ನಿಂತು ಅಡ್ಡಡ್ಡ ಜಿನುಗುತ್ತದೆ. ಬಹಮನಿ ಕಾಲದ ಸುರಂಗ ಬಾವಿ, ಅಂದರೆ ನೌಬಾದಿನ ಕರೇಜ್, ಈ ಜಿನುಗನ್ನೇ ಹಿಡಿದು ತರುತ್ತದೆ. ಪಂಪಿಲ್ಲ, ರಾಟೆಯಿಲ್ಲ.

ನಾಟಕದಲ್ಲಿ ತೋಡುವ ದೃಶ್ಯವಿದ್ದರೆ ಕ್ರಮ ತಪ್ಪಬಾರದು. ಮೊದಲು ಮೇಲ್ಗಡೆ ತಾಯಿಬಾವಿ ತೋಡಿ ನೀರಿನ ಮಟ್ಟ ನೋಡುತ್ತಾರೆ. ಆಮೇಲೆ ಸುರಂಗವನ್ನು ಕೆಳಗಿನ ಬಾಯಿಯಿಂದ ಮೇಲಕ್ಕೆ ಕೊರೆಯುತ್ತಾರೆ. ತಾಯಿಬಾವಿಯಿಂದ ಶುರುಮಾಡಿದರೆ ಅಗೆಯುವವರ ಮೈಮೇಲೆಯೇ ನೀರು. ಸಾಲಾಗಿ ಬಾವಿಯಂಥ ಕಂಡಿಗಳು ಬೇಕು: ಗಾಳಿಗೆ, ಬೆಳಕಿಗೆ, ಮಣ್ಣೆತ್ತಲಿಕ್ಕೆ. ನೌಬಾದಿನಲ್ಲಿ ಇಂಥವು 20ಕ್ಕೂ ಹೆಚ್ಚಿವೆ. ಇಳಿಜಾರು 1,000 ಮೀಟರಿಗೆ 1 ಮೀಟರ್ ಇಟ್ಟುಕೊಳ್ಳಿ. ಹೆಚ್ಚಾದರೆ ನೀರು ತಳ ಕೊರೆದು ಗೋಡೆ ಕುಸಿಯುತ್ತದೆ, ಕಡಿಮೆಯಾದರೆ ಹೂಳು ನಿಲ್ಲುತ್ತದೆ.

ಒಂದು ಮೀಟರ್ ಅಗಲ, ಒಂದೂವರೆ ಮೀಟರ್ ಎತ್ತರದ ಸುರಂಗ 3 ಕಿ.ಮೀ. ಹೋದರೆ 4,500 ಘನ ಮೀಟರ್ ಕಲ್ಲು–ಮಣ್ಣು ಹೊರಬೀಳುತ್ತದೆ. ಅದನ್ನು ಎಲ್ಲಿ ಹಾಕಿದರು? ಕಂಡಿಗಳ ಸುತ್ತ ದಿಬ್ಬವಾಗಿ ಹಾಕಿಸಿ. ಮಳೆಯ ಕೆಸರು ನೀರು ಒಳಗಿಳಿಯದಂತೆ ಅದೇ ತಡೆಯುತ್ತದೆ. ಕತೆಗೆ ಕಂಟಕ ಬೇಕಿದ್ದರೆ ವಿಷ ಹಾಕುವ ಗೂಢಚಾರನಿಗಿಂತ ಮೇಲ್ಗಡೆ ಮನೆ ಕಟ್ಟಿ ನೆಲ ಮುಚ್ಚುವ ಸಾಹುಕಾರ, ಸುರಂಗದ ಪಕ್ಕದಲ್ಲೇ ಆಳದ ಬಾವಿ ತೋಡಿಸುವ ಗೌಡ ಹೆಚ್ಚು ನಂಬಿಕೆ ಹುಟ್ಟಿಸುತ್ತಾರೆ. ಸುರಂಗ ಸೋಲುವುದೂ ಹಾಗೆಯೇ.

ಪ್ರಶ್ನೆ: ನಮ್ಮ ಕಾಲ್ಪನಿಕ ಪಟ್ಟಣದಲ್ಲಿ ಹತ್ತು ಸಾವಿರ ಜನ. ಹೊಲ ಎಷ್ಟು ತೋರಿಸಬೇಕು? (ಚಿತ್ತಾಪುರ)

ಉತ್ತರ: ತಲೆಗೆ ದಿನಕ್ಕೆ ಅರ್ಧ ಕಿಲೋ ಜೋಳ ಹಿಡಿದರೆ ವರ್ಷಕ್ಕೆ ಸುಮಾರು 1.8 ಕ್ವಿಂಟಲ್, ಊರಿಗೆ 18,000 ಕ್ವಿಂಟಲ್. ಗಾಡಿಗೆ 10 ಕ್ವಿಂಟಲಿನಂತೆ 1,800 ಗಾಡಿ, ಅಂದರೆ ದಿನಾ ಐದು ಗಾಡಿ ಅಗಸಿ ದಾಟಬೇಕು. ಮಳೆ ನಂಬಿದ ಎರೆ ಹೊಲದಲ್ಲಿ ಹಿಂಗಾರಿ ಜೋಳ ಒಳ್ಳೆಯ ವರ್ಷ ಎಕರೆಗೆ 4 ಕ್ವಿಂಟಲ್ ಕೊಟ್ಟೀತು. ಬೀಜ, ಇಲಿ, ಬರಗಾಲ ಕಳೆದು ತಲೆಗೆ ಒಂದು ಎಕರೆ ಇಡಿ. ತೊಗರಿ, ಕುಸುಬೆ, ದನದ ಮೇವಿನ ಹೊಲ ಇದರ ಮೇಲೆ.

ಕಾಳನ್ನು ಹಗೇವಿನಲ್ಲಿ, ಅಂದರೆ ನೆಲದೊಳಗೆ ತೋಡಿದ ಕಣಜದಲ್ಲಿ ಇಡಿಸಬಹುದು, ಎತ್ತರದ ಗಟ್ಟಿ ನೆಲದಲ್ಲಿ, ತಳಕ್ಕೂ ಗೋಡೆಗೂ ಹುಲ್ಲು ಒತ್ತಿ. ನೀರು ಜಿನುಗಿದರೆ ಕಾಳು ಮುಗ್ಗುತ್ತದೆ. ಬಾಯಿ ತೆಗೆದ ಕೂಡಲೇ ಪಾತ್ರವನ್ನು ಒಳಗಿಳಿಸಬೇಡಿ. ಒಳಗೆ ಉಸಿರು ಕಟ್ಟಿಸುವ ಗಾಳಿ ತುಂಬಿರುತ್ತದೆ.

ಪ್ರಶ್ನೆ: ಸಾವಿರ ವರ್ಷದ ಇತಿಹಾಸ ಬರೆಯಹೋದರೆ ಬರೀ ರಾಜರ ಪಟ್ಟಿ ಆಗ್ತಿದೆ. (ಸುರಪುರ)

ಉತ್ತರ: ಪಟ್ಟಿ ಹರಿದುಹಾಕಿ, ರಾಜಧಾನಿ ಜಾಗ ಬದಲಿಸಿದ್ದನ್ನು ಬರೆಯಿರಿ. ರಾಷ್ಟ್ರಕೂಟರ ಮಾನ್ಯಖೇಟ ಇಂದಿನ ಮಳಖೇಡ, ಚಾಲುಕ್ಯರ ಕಲ್ಯಾಣ ಇಂದಿನ ಬಸವಕಲ್ಯಾಣ. ಬಹಮನಿಗಳು 1347ರ ನಂತರ ಕಲಬುರಗಿಯಿಂದ ಆಳಿ, 15ನೇ ಶತಮಾನದಲ್ಲಿ ಬೀದರಿಗೆ ಹೋದರು. ಎಲ್ಲವೂ ಈ ಎರಡು ಜಿಲ್ಲೆಗಳಲ್ಲೇ! ಪ್ರತಿ ಸ್ಥಳಾಂತರಕ್ಕೂ ನೀರು, ಕೋಟೆಗೆ ಅನುಕೂಲವಾದ ನೆಲೆ, ಅರಮನೆಯ ಜಗಳ ಇವುಗಳಲ್ಲಿ ಒಂದಾದರೂ ಕಾರಣ ಕೊಡಿ. ಹಳೆಯ ಊರನ್ನು ಪೂರ್ತಿ ಖಾಲಿ ಮಾಡಿಸಬೇಡಿ.

ಹಳೆಯ ಕಲ್ಲು ಹೊಸ ಕೆಲಸಕ್ಕೆ ಬರುವುದನ್ನೂ ತೋರಿಸಿ. ಸನ್ನತಿಯಲ್ಲಿ ಅಶೋಕನ ಶಾಸನದ ಚಪ್ಪಡಿಯನ್ನೇ ಕೊರೆದು ದೇವಿಯ ಪೀಠ ಮಾಡಿದ್ದರು. 1986ರಲ್ಲಿ ಗುಡಿಯ ಮಾಳಿಗೆ ಕುಸಿದಾಗ ಅದು ಬೆಳಕಿಗೆ ಬಂತು. ರಾಜರಿಗಿಂತ ಹಿಂದಕ್ಕೆ ಹೋಗುವುದಾದರೆ ನಿಮ್ಮ ಬದಿಯ ಇಸಾಂಪುರ ನೋಡಿ. ಸುಮಾರು 12 ಲಕ್ಷ ವರ್ಷದ ಹಿಂದೆ ಅಲ್ಲಿ ಆದಿಮಾನವರು ಸುಣ್ಣದ ಕಲ್ಲಿನ ಚಪ್ಪಡಿ ಒಡೆದು ಕೊಡಲಿ ಮಾಡುತ್ತಿದ್ದರು.

ಪ್ರಶ್ನೆ: ಎರಡು ಚಂದ್ರ ಇಟ್ಟಿದ್ದೇನೆ. ಹುಣ್ಣಿಮೆ 20 ಮತ್ತು 27 ದಿನಕ್ಕೊಮ್ಮೆ. ಜೋಡಿ ಹುಣ್ಣಿಮೆಯ ಜಾತ್ರೆ ತಿಂಗಳಿಗೊಮ್ಮೆ ಆಗಬಹುದೇ? (ಶಹಾಪುರ)

ಉತ್ತರ: ಆಗದು. ನಿಮ್ಮ ಲೆಕ್ಕಕ್ಕೆ ಅದು 540 ದಿನಕ್ಕೊಮ್ಮೆ. 20 ಮತ್ತು 30 ಮಾಡಿಕೊಂಡರೆ 60 ದಿನಕ್ಕೊಮ್ಮೆ ತೇರು ಎಳೆಯಬಹುದು. 540ನ್ನೇ ಉಳಿಸಿಕೊಂಡರೂ ಚೆಂದ. ಆದರೆ ಜಾತ್ರೆ ಒಮ್ಮೆ ಸುಗ್ಗಿಗೆ, ಇನ್ನೊಮ್ಮೆ ಬಿತ್ತನೆಗೆ ಬೀಳುತ್ತದೆ. ಬಿತ್ತನೆಯ ವರ್ಷ ತೇರೆಳೆಯಲು ಜನ ಎಲ್ಲಿಂದ ಬಂದರು ಎಂಬುದನ್ನೂ ಬರೆಯಬೇಕಾದೀತು.