ಕೇಳಿದ್ದು ಯಾರನ್ನು?

ಮಾನ್ಯರೆ,

ಆಸ್ಟ್ರೇಲಿಯಾದ ಮೂಲನಿವಾಸಿ ಹೆಂಗಸರ ಬಗ್ಗೆ ಕಳೆದ ಸಂಚಿಕೆಯಲ್ಲಿ ಬಂದ ಲೇಖನ ಓದಿ ಮೂರು ಪ್ರಶ್ನೆ ಕೇಳಿದ್ದೀರಿ. ಅಲ್ಲಿ ವಿಧಿ-ಆಚರಣೆಗಳೆಲ್ಲ ಗಂಡಸರವು, ಹೆಂಗಸರದು ಬರೀ ಹೊರೆ ಹೊರುವ ಬಾಳು ಎಂದು ನೀವು ಎಂ.ಎ.ಯಲ್ಲಿ ಓದಿದ್ದಿರಿ, ನಮ್ಮ ಲೇಖನ ಹೇಳಿದ್ದು ಬೇರೆ, ಯಾವುದನ್ನು ನಂಬುವುದು? ಹೆಂಗಸರ ಬಗ್ಗೆ ಹೆಂಗಸರೇ ಬರೆದರೆ ಪಕ್ಷಪಾತವಾಗುವುದಿಲ್ಲವೇ? ಆಚರಣೆಯ ಒಂದು ಫೋಟೊವನ್ನಾದರೂ ಯಾಕೆ ಹಾಕಲಿಲ್ಲ?

ನೀವು ಓದಿದ್ದು ಅರ್ಧ ಕಥೆ. ಮಧ್ಯ ಆಸ್ಟ್ರೇಲಿಯಾದ ಜನರ ಬಗ್ಗೆ ಬಾಲ್ಡ್ವಿನ್ ಸ್ಪೆನ್ಸರ್ ಮತ್ತು ಫ್ರಾಂಕ್ ಗಿಲೆನ್ 1899ರಲ್ಲಿ ಬರೆದ ಪುಸ್ತಕ ದಶಕಗಳ ಕಾಲ ವಿದ್ವಾಂಸರಿಗೆ ಆಧಾರವಾಗಿತ್ತು. ಒಬ್ಬರು ಜೀವಶಾಸ್ತ್ರದ ಪ್ರೊಫೆಸರ್, ಇನ್ನೊಬ್ಬರು ಆಲಿಸ್ ಸ್ಪ್ರಿಂಗ್ಸ್ ತಂತಿ ಕಚೇರಿಯ ಮುಖ್ಯಸ್ಥರು. ಅವರಿಗೆ ಮಾಹಿತಿ ಕೊಟ್ಟವರು ಹೆಚ್ಚಾಗಿ ಅಲ್ಲಿನ ಹಿರಿಯ ಗಂಡಸರು. ಗಂಡಸರ ಗುಟ್ಟಿನ ವಿಧಿಗಳಿಗೆ ಹೆಂಗಸರಿಗೆ ಪ್ರವೇಶವಿಲ್ಲ, ಹೆಂಗಸರವಕ್ಕೆ ಗಂಡಸರಿಗಿಲ್ಲ. ಹೀಗಿರುವಾಗ ಹೆಂಗಸರ ವಿಧಿಯ ವಿಚಾರವನ್ನು ಪರಕೀಯ ಗಂಡಸಿಗೆ ಯಾರು ಹೇಳಿಯಾರು? ಕಾಣದ್ದು ಇಲ್ಲವೇ ಇಲ್ಲ ಎಂದಾಗಿಬಿಟ್ಟಿತು.

1934ರಲ್ಲಿ, ಇನ್ನೂ ಇಪ್ಪತ್ತೈದು ತುಂಬದ ಮಾನವಶಾಸ್ತ್ರಜ್ಞೆ ಫಿಲಿಸ್ ಕೇಬರಿ ವಾಯವ್ಯದ ಕಿಂಬರ್ಲಿಗೆ ಹೋದರು. ಹೆಂಗಸರ ಜೊತೆ ಗೆಡ್ಡೆ ಅಗೆಯಲು ನಡೆದರು, ಅವರ ವಿಧಿಗಳಲ್ಲಿ ಕೂತರು. 1939ರಲ್ಲಿ ಬಂದ ಅವರ ಪುಸ್ತಕ, ಆ ಹೆಂಗಸರಿಗೂ ಪವಿತ್ರವಾದ ಬದುಕೊಂದಿದೆ, ಗಂಡಸರು ಕಾಲಿಡದ ಆಚರಣೆಗಳಿವೆ ಎಂದು ತೋರಿಸಿತು. ಕಾಂಗರೂ ಬೇಟೆ ಸಿಕ್ಕರೆ ಸಿಕ್ಕಿತು; ದಿನದ ಊಟ ನಿಂತಿದ್ದು ಹೆಚ್ಚಾಗಿ ಹೆಂಗಸರ ಅಗೆಯುವ ಕೋಲಿನ ಮೇಲೆ. ಆ ಕೋಲಿನ ಜೊತೆಗೆ ಒಂದು ಮರದ ಹರಿವಾಣವೂ ಇರುತ್ತಿತ್ತು. ಹುಲ್ಲಿನ ಬೀಜ ಅದರಲ್ಲಿ ಹಾಕಿ, ನಮ್ಮ ಅಜ್ಜಿಯರು ಮೊರದಲ್ಲಿ ಕೇರುತ್ತಿದ್ದ ಹಾಗೆ ತೂಗಿ ಕುಲುಕಿ ಹೊಟ್ಟು ಬೇರೆ ಮಾಡುತ್ತಿದ್ದರು, ಕಲ್ಲಿನ ಮೇಲೆ ಅರೆಯುತ್ತಿದ್ದರು. ಹಸುಗೂಸನ್ನು ಮಲಗಿಸುತ್ತಿದ್ದುದೂ ಅಂಥ ಹರಿವಾಣದಲ್ಲೇ. ಇದನ್ನು ಹೊರೆ ಎಂದಷ್ಟೇ ಬರೆದವರು ಎಷ್ಟು ದೂರದಲ್ಲಿ ನಿಂತು ನೋಡಿದ್ದರೋ!

1970ರ ದಶಕದಲ್ಲಿ ಮತ್ತೊಬ್ಬ ಮಾನವಶಾಸ್ತ್ರಜ್ಞೆ ಡಯೇನ್ ಬೆಲ್ ತಮ್ಮ ಇಬ್ಬರು ಮಕ್ಕಳನ್ನು ಕಟ್ಟಿಕೊಂಡು ಮಧ್ಯ ಆಸ್ಟ್ರೇಲಿಯಾದ ವಾರಾಬ್ರಿ ಎಂಬ ಊರಿಗೆ ಹೋದಾಗ ಕಂಡದ್ದು ಜಿಲಿಮಿ: ವಿಧವೆಯರು, ಗಂಡನನ್ನು ಬಿಟ್ಟು ಬಂದವರು, ಮದುವೆ ಬೇಡವೆಂದವರು ಕೂಡಿ ಬಾಳುವ ಬಿಡಾರ. ಗಂಡಸರು ಅದನ್ನು ಸುತ್ತುಹಾಕಿ ದೂರದಿಂದಲೇ ಹೋಗುತ್ತಿದ್ದರು. ಆಶ್ರಯವೂ ಅದೇ, ಆಚರಣೆಗಳು ರೂಪುಗೊಳ್ಳುವ ಜಾಗವೂ ಅದೇ.

ಹೆಂಗಸರ ಇಂಥ ಗುಟ್ಟಿನ ಜ್ಞಾನವನ್ನು ನಂಬಬೇಕೇ ಎಂಬ ಜಗಳವೇ ಆದ ಹಿಂಡ್‌ಮಾರ್ಷ್ ದ್ವೀಪದ ಪ್ರಕರಣದ ಬಗ್ಗೆ ಸ್ವಲ್ಪ ಹೆಚ್ಚೇ ಹೇಳಬೇಕು. ದಕ್ಷಿಣ ಆಸ್ಟ್ರೇಲಿಯಾದಲ್ಲಿ ಮರ್ರೆ ನದಿ ಸಮುದ್ರ ಸೇರುವಲ್ಲಿ ಆ ದ್ವೀಪಕ್ಕೊಂದು ಸೇತುವೆ ಕಟ್ಟಲು ಹೊರಟಾಗ, ಡೊರೀನ್ ಕಾರ್ಟಿನ್ಯೆರಿ ಮುಂತಾದ, ಅಲ್ಲಿನ ಮೂಲನಿವಾಸಿಗಳಾದ ನರಿಂಜೆರಿ ಹೆಂಗಸರು ಆ ನೀರು, ಆ ನೆಲ ಹೆಂಗಸರ ಪವಿತ್ರ ಜ್ಞಾನಕ್ಕೆ ಸೇರಿದ್ದು ಎಂದರು. ವಿವರವನ್ನು ಹೆಂಗಸರು ಮಾತ್ರ ಓದಬೇಕೆಂದು ಲಕೋಟೆಗಳಲ್ಲಿ ಮೊಹರು ಮಾಡಿ ಕೊಡಲಾಯಿತು. 1994ರಲ್ಲಿ ಕೇಂದ್ರ ಸಚಿವರು ಸೇತುವೆಗೆ ತಡೆ ಹಾಕಿದರು. ಆದರೆ ಬೇರೆ ಕೆಲವು ನರಿಂಜೆರಿ ಹೆಂಗಸರು ಇಂಥದ್ದನ್ನು ತಾವು ಕೇಳಿಯೇ ಇಲ್ಲವೆಂದರು. 1940ರ ದಶಕದಲ್ಲಿ ಅಲ್ಲಿ ಅಧ್ಯಯನ ಮಾಡಿದ್ದ ರೊನಾಲ್ಡ್ ಮತ್ತು ಕ್ಯಾಥರೀನ್ ಬರ್ನ್ಟ್ ದಂಪತಿಯ ಪುಸ್ತಕದಲ್ಲೂ ಅದಿಲ್ಲ ಎಂದು ವಾದಿಸಲಾಯಿತು. 1995ರಲ್ಲಿ ಸರ್ಕಾರ ನೇಮಿಸಿದ ತನಿಖಾ ಆಯೋಗ, ಅಂದರೆ ರಾಯಲ್ ಕಮಿಷನ್, ಅದನ್ನು ಕಟ್ಟುಕಥೆ ಎಂದಿತು. ಎಲ್ಲ ಹೆಂಗಸರಿಗೂ ಎಲ್ಲವನ್ನೂ ಹೇಳದ, ವಯಸ್ಸು-ವಂಶ ನೋಡಿ ಕೊಡುವ ಜ್ಞಾನ ಅದು. ಕೆಲವರಿಗೆ ಗೊತ್ತಿಲ್ಲದ್ದೇ ಸುಳ್ಳಿಗೆ ಸಾಕ್ಷಿ ಹೇಗಾದೀತು? 2001ರಲ್ಲಿ ಫೆಡರಲ್ ಕೋರ್ಟಿನ ನ್ಯಾಯಮೂರ್ತಿ ವಾನ್ ಡೂಸಾ ಅದು ಕಟ್ಟುಕಥೆ ಎಂದು ತಮಗೆ ಮನವರಿಕೆಯಾಗಿಲ್ಲವೆಂದರು. ಅಷ್ಟರಲ್ಲಿ ಸೇತುವೆಯ ಮೇಲೆ ಕಾರುಗಳು ಓಡಾಡುತ್ತಿದ್ದವು. ಇದನ್ನು ಬರೆಯುವಾಗ ಈಗಲೂ ನನಗೆ ಸಂಕಟವಾಗುತ್ತದೆ.

ಪಕ್ಷಪಾತದ ಮಾತಿಗೆ ಬಂದರೆ, ಇದೆ, ನಿಜ. ಕೇಬರಿ, ಬೆಲ್ ಇಬ್ಬರೂ ಹೊರಗಿನವರೇ. ಮೂಲನಿವಾಸಿ ಸಮುದಾಯದೊಳಗಿನ ಅತ್ಯಾಚಾರದ ಬಗ್ಗೆ ಬೆಲ್ 1989ರಲ್ಲಿ ಬರೆದಾಗ, ನಮ್ಮ ಪರವಾಗಿ ಮಾತಾಡಲು ನೀವು ಯಾರು ಎಂದು ಜಾಕಿ ಹಗಿನ್ಸ್ ಮತ್ತಿತರ ಮೂಲನಿವಾಸಿ ಹೆಂಗಸರು ನೇರವಾಗಿ ಕೇಳಿದರು. ಕೇಳಬೇಕಾದ ಪ್ರಶ್ನೆಯೇ ಅದು. ಆದರೆ ಸ್ಪೆನ್ಸರ್ ಪುಸ್ತಕ ಗಂಡಸರ ಅಧ್ಯಯನ ಎನಿಸಿಕೊಳ್ಳದೆ ಇಡೀ ಸಮುದಾಯದ ಅಧ್ಯಯನ ಎನಿಸಿಕೊಂಡಿತ್ತು ಎಂಬುದನ್ನೂ ಗಮನಿಸಿ.

ಇನ್ನು ಫೋಟೊ. ಮೈಗೆ ಕೆಮ್ಮಣ್ಣಿನ ಚಿತ್ತಾರ ಬರೆದುಕೊಂಡು ಹೆಂಗಸರು ಕುಣಿಯುವ ಯಾವುಲ್ಯು ಆಚರಣೆಯ ಎರಡು ಚಿತ್ರ ನಮ್ಮ ಕೈಯಲ್ಲಿದ್ದವು. ಯಾವುಲ್ಯುವಿನಲ್ಲಿ ಎಲ್ಲರೆದುರು ಮಾಡುವಂಥದ್ದೂ ಇದೆ, ಹೆಂಗಸರ ನಡುವೆಯೇ ಉಳಿಯಬೇಕಾದದ್ದೂ ಇದೆ. ಆ ಚಿತ್ರಗಳು ಯಾವ ಬಗೆಯವೆಂದು ಹೇಳಬಲ್ಲವರು ಆ ಹೆಂಗಸರು ಮಾತ್ರ. ನಾವು ಅವರನ್ನು ಕೇಳಿರಲಿಲ್ಲ.

— ಸಂಪಾದಕ