ಮೊದಲ ಸಲ ಗೆದ್ದ ಯುವ ಸಂಸದರ ಬಳಗದಲ್ಲಿರುವವರ ಬಳಿ ಸಹಾಯಕನಾಗಿ ಸೇರಲಾ, ಇಲ್ಲಾ ಹಿರಿಯ ಸಂಸದರ ಕಚೇರಿಗೆ ಹೋಗಲಾ, ಈ ಗುಂಪು ಮುಂದೆ ಬೆಳೆಯುತ್ತಾ ಅಂತ ಕೇಳಿದ್ದೀರಿ.

ನಾನು ಸೇರಿದ್ದು ಅಂಥದೇ ಒಂದು ಬಳಗಕ್ಕೆ. ನಮ್ಮ ಸಾಹೇಬರಿಗೆ ಮೂವತ್ತು ದಾಟಿರಲಿಲ್ಲ. ಅವರದೇ ವಾರಿಗೆಯ ನಾಲ್ವರು ಸಂಸದರು, ಒಂದೇ ವಾಟ್ಸಾಪ್ ಗ್ರೂಪು, ಊಟಕ್ಕೂ ಒಟ್ಟಿಗೆ. ಸಹಾಯಕರಾದ ನಾವೂ ಹಾಗೇ ಇದ್ದೆವು. ಒಬ್ಬ ಬರೆದ ಪ್ರಶ್ನೆಯನ್ನೇ ಉಳಿದವರು ತಮ್ಮ ಸಾಹೇಬರ ಹೆಸರಲ್ಲಿ ಕಳಿಸುವುದು. ಲೋಕಸಭೆಯಲ್ಲಿ ದಿನಕ್ಕೆ ಚುಕ್ಕೆ ಗುರುತಿನ ಪ್ರಶ್ನೆ, ಅಂದ್ರೆ ಸಚಿವರು ಸದನದಲ್ಲಿ ಬಾಯಲ್ಲೇ ಉತ್ತರಿಸುವಂಥದ್ದು, ಬರೀ 20, ಅದೂ ಲಾಟರಿ. ಯಾರದ್ದಾದರೂ ಬರಲಿ ಅನ್ನೋ ಲೆಕ್ಕ.

ನಾನು ಎಡವಿದ್ದು ಖಾಸಗಿ ಮಸೂದೆಯಲ್ಲಿ, ಅಂದ್ರೆ ಸಚಿವರಲ್ಲದ ಸಂಸದರು ತಾವೇ ಮಂಡಿಸುವ ಮಸೂದೆಯಲ್ಲಿ. ಡೆಲಿವರಿ ಹುಡುಗರ ನೋಂದಣಿ ಬಗ್ಗೆ ಒಂದೇ ಕರಡು, ನಾಲ್ವರೂ ಒಂದೇ ಶುಕ್ರವಾರ ಮಂಡಿಸಬೇಕು, ಆಮೇಲೆ ಹೊರಗೆ ಫೋಟೋ. ಕರಡು ಇನ್ನೊಬ್ಬ ಸಹಾಯಕನದು. ನಮ್ಮ ಸಾಹೇಬರು ತಮ್ಮದು ಸ್ವಲ್ಪ ಬೇರೆ ಕಾಣಲಿ ಅಂದರು. ನಾನು ಒಂದೇ ಸಾಲು ಸೇರಿಸಿದೆ: ‘ಕೇಂದ್ರ ಸರ್ಕಾರವು ಒಂದು ಕಲ್ಯಾಣ ನಿಧಿಯನ್ನು ಸ್ಥಾಪಿಸತಕ್ಕದ್ದು.’ ನಿಧಿ ಅಂದಮೇಲೆ ಸರ್ಕಾರದ ದುಡ್ಡು. ದುಡ್ಡು ಅಂದಮೇಲೆ ಮಸೂದೆ ಜೊತೆ ಫೈನಾನ್ಷಿಯಲ್ ಮೆಮೊರಾಂಡಮ್ ಇರಲೇಬೇಕು, ಎಷ್ಟು ಖರ್ಚು ಅಂತ. ಸಂಚಿತ ನಿಧಿಯಿಂದ, ಅಂದ್ರೆ ಸರ್ಕಾರದ ಮುಖ್ಯ ಖಜಾನೆಯಿಂದ, ಖರ್ಚಾಗುವುದಾದರೆ ಸಂವಿಧಾನದ 117(3)ನೇ ವಿಧಿಯ ಪ್ರಕಾರ ರಾಷ್ಟ್ರಪತಿಗಳ ಶಿಫಾರಸಿಲ್ಲದೆ ಸದನ ಅದನ್ನು ಅಂಗೀಕರಿಸುವ ಹಾಗೂ ಇಲ್ಲ. ಮೂಲ ಕರಡಿನಲ್ಲಿ ನಿಧಿಯೇ ಇರಲಿಲ್ಲ, ಹಾಗಾಗಿ ಮೆಮೊರಾಂಡಮ್ಮೂ ಇರಲಿಲ್ಲ. ಅವನ ಫೈಲ್ ಪಕ್ಕಾ ಇರುತ್ತೆ ಅಂತ ನಾನು ಕೊನೇ ಪುಟ ತಿರುಗಿಸಿಯೂ ನೋಡಲಿಲ್ಲ. ನಮ್ಮದು ವಾಪಸ್ ಬಂತು. ಫೋಟೋದಲ್ಲಿ ಮೂರೇ ಜನ. ಆಮೇಲೆ ಸಾಹೇಬರು ಮುಖ್ಯವಾದ ಕಾಗದ ಯಾವುದನ್ನೂ ನನ್ನ ಕೈಗೆ ಕೊಡಲಿಲ್ಲ. ಅಧಿವೇಶನ ಮುಗಿಯುತ್ತಿದ್ದಂತೆ ನಾನೇ ಬಿಟ್ಟು ಬಂದೆ.

ತಮಾಷೆ ಅಂದ್ರೆ ಆ ಮೂರು ಮಸೂದೆಗಳೂ ಎಲ್ಲಿಗೂ ಹೋಗಲಿಲ್ಲ. ಖಾಸಗಿ ಮಸೂದೆಗಳಲ್ಲಿ ಇವತ್ತಿನವರೆಗೆ ಕಾನೂನಾದದ್ದು 14, ಕೊನೆಯದು 1970ರಲ್ಲಿ.

ಹಾಗಾಗಿ ‘ಈ ಗುಂಪು ಮುಂದೆ ಬೆಳೆಯುತ್ತಾ’ ಅಂತ ನೀವು ಕೇಳಿರುವುದೇ ನನಗೆ ಸರಿ ಕಾಣುವುದಿಲ್ಲ. ಚರ್ಚೆಯಲ್ಲಿ ಸಮಯ ಹಂಚುವುದು ಪಕ್ಷದ ಬಲ ನೋಡಿ. ಯಾರು ಮಾತಾಡಬೇಕು ಅನ್ನೋ ಪಟ್ಟಿ ಕೊಡುವುದೂ ಪಕ್ಷವೇ. ವಿಪ್, ಅಂದ್ರೆ ಹೀಗೇ ಮತ ಹಾಕಿ ಅನ್ನೋ ಪಕ್ಷದ ಆದೇಶ, ಬಂದರೆ ಎಲ್ಲರೂ ಒತ್ತುವುದು ಒಂದೇ ಬಟನ್, ಇಲ್ಲಾಂದ್ರೆ ಸದಸ್ಯತ್ವಕ್ಕೇ ಕುತ್ತು. ಗುಂಪೂ ಬಹಳ ಕಾಲ ಉಳಿಯಲ್ಲ. 2004ರಲ್ಲಿ ಸಚಿನ್ ಪೈಲಟ್, ಜಿತಿನ್ ಪ್ರಸಾದ, ಮಿಲಿಂದ್ ದೇವ್ರಾ ಮೊದಲ ಸಲ ಲೋಕಸಭೆಗೆ ಬಂದಾಗ ರಾಹುಲ್ ಗಾಂಧಿ ಬಳಗ ಅಂತ ಎಷ್ಟು ಬರೆದರು! ಜಿತಿನ್ 2021ರಲ್ಲಿ ಬಿಜೆಪಿ ಸೇರಿದರು. ಮಿಲಿಂದ್ 2024ರಲ್ಲಿ ಶಿಂದೆ ಅವರ ಶಿವಸೇನೆಗೆ ಹೋದರು. ಪೈಲಟ್ 2020ರಲ್ಲಿ ಬಂಡೆದ್ದು ಕಾಂಗ್ರೆಸ್‌ನಲ್ಲೇ ಉಳಿದರು. ಅವರಿಗೇನೋ ದಾರಿ ಸಿಕ್ಕಿತು, ಸಹಾಯಕರನ್ನು ಯಾರು ಕೇಳ್ತಾರೆ?

ಸಂದರ್ಶನಕ್ಕೆ ಹೋದಾಗ ಶನಿವಾರ ಭಾನುವಾರ ಸಂಸದರು ಎಲ್ಲಿರುತ್ತಾರೆ ಅಂತ ಕೇಳಿ. ವರ್ಷದ 5 ಕೋಟಿ ಸಂಸದರ ನಿಧಿಯಲ್ಲಿ ಯಾವ ಕೆಲಸಗಳಿಗೆ ಜಿಲ್ಲಾಡಳಿತಕ್ಕೆ ಪತ್ರ ಹೋಗಿದೆ ಅಂತಲೂ ಕೇಳಿ. ತಡವರಿಸಿದರೆ ಸುಮ್ನೆ ಆ ಹಿರಿಯರ ಕಚೇರಿಗೇ ಸೇರಿ. ಅಲ್ಲಿ ಫೋಟೋ ಕಮ್ಮಿ, ಕಾಗದ ಜಾಸ್ತಿ. ಕೆಲಸ ಕಲಿಯೋಕೆ ಅದೇ ಬೇಕು.