ಪ್ರಶ್ನೋತ್ತರ: ವಿಕಲಚೇತನರು ಮತ್ತು ರಂಗಭೂಮಿ

ಪ್ರಶ್ನೆ: ನಮ್ಮದು ಹವ್ಯಾಸಿ ತಂಡ. ಅಂಧ ತಾಯಿಯ ಪಾತ್ರಕ್ಕೆ ದೃಷ್ಟಿಯಿಲ್ಲದ ಕಲಾವಿದೆಯೊಬ್ಬರು ಬಂದು ಚೆನ್ನಾಗಿಯೇ ಅಭಿನಯಿಸಿ ತೋರಿಸಿದರು. ಆದರೆ ರಂಗದ ಮೇಲೆ ಎಡವಿ ಬಿದ್ದರೆ ಎಂಬ ಅಳುಕು. ಕಣ್ಣಿರುವವರಿಗೇ ಪಾತ್ರ ಕೊಡುವುದು ಒಳ್ಳೆಯದಲ್ಲವೇ?

ಉತ್ತರ: ಅಲ್ಲ. ಕಣ್ಣಿರುವವರು ಈ ಪಾತ್ರ ಹಿಡಿದರೆ ಎರಡೂ ಕೈ ಮುಂದೆ ಚಾಚಿ ತಡಕಾಡತೊಡಗುತ್ತಾರೆ. ವರ್ಷಗಟ್ಟಲೆ ಬಾಳಿದ ಮನೆಯಲ್ಲಿ ಯಾರು ಹಾಗೆ ತಡಕಾಡುತ್ತಾರೆ?

ಮೊದಲ ವಾಚನಕ್ಕೆ ಮುಂಚೆಯೇ ಆ ಕಲಾವಿದೆಗೆ ನಾಟಕವನ್ನು ಬ್ರೈಲ್‌ನಲ್ಲೋ ಧ್ವನಿಮುದ್ರಿಸಿಯೋ ಫೋನು ಗಟ್ಟಿಯಾಗಿ ಓದಿ ಹೇಳಬಲ್ಲ ಯೂನಿಕೋಡ್ ಫೈಲಿನಲ್ಲೋ ಕೊಡಿ. ಹಳೆಯ ಫಾಂಟಿನಲ್ಲಿ ಟೈಪು ಮಾಡಿದ್ದನ್ನು ಅವರ ಫೋನು ಅರ್ಥವಿಲ್ಲದ ಅಕ್ಷರಗಳಾಗಿ ಓದುತ್ತದೆ. ರಂಗದ ಅಂಚಿನಿಂದ ಎರಡಡಿ ಒಳಗೆ ಉದ್ದಕ್ಕೂ ತೆಳು ಹಗ್ಗ ಹಾಸಿ, ಮೇಲೆ ಟೇಪು ಅಂಟಿಸಿ. ಬರಿಗಾಲಿಗೆ ಅದು ತಗುಲಿದ ಕೂಡಲೇ ನಿಲ್ಲಬೇಕೆಂದು ತಿಳಿಯುತ್ತದೆ. ವಿಂಗಿನಿಂದ (ರಂಗದ ಪಕ್ಕದ ಮರೆಯಿಂದ) ಮಂಚದವರೆಗೆ ದಾರಿ ತೋರಲು ಇನ್ನೊಂದು ಹಗ್ಗ ಹಾಕುವುದಾದರೆ ಅಂಚಿನದನ್ನು ಎರಡೆಳೆ ಮಾಡಿ. ಎರಡೂ ಒಂದೇ ಬಗೆಯಾದರೆ ಕಾಲು ಮೋಸಹೋಗುತ್ತದೆ.

ತೊಂದರೆ ಬರುವುದು ಹೆಚ್ಚಾಗಿ ಬೇರೆಯವರಿಂದ. ಕತ್ತಲಲ್ಲಿ ದೃಶ್ಯ ಬದಲಿಸುವವರು ಸ್ಟೂಲನ್ನು ಅರ್ಧ ಅಡಿ ಆಚೆ ಇಟ್ಟರೆ ಸಾಕು, ಎಡವಿದರೆಂದೇ ಲೆಕ್ಕ. ಪ್ರತಿ ಸಾಮಾನಿನ ಕಾಲಿಗೂ ನೆಲದಲ್ಲಿ ಗುರುತು ಹಾಕಿ, ಅದನ್ನು ನೋಡಿಕೊಳ್ಳಲು ಒಬ್ಬರನ್ನು ನೇಮಿಸಿ. ಎಲ್ಲರ ಮಾತೂ ಮೈಕಿನ ಮೂಲಕ ಸ್ಪೀಕರಿನಿಂದ ಬಂದರೆ ಎದುರಿನ ಪಾತ್ರ ಎಲ್ಲಿ ನಿಂತಿದೆಯೆಂದು ಅವರಿಗೆ ಗೊತ್ತಾಗುವುದಿಲ್ಲ. ಆದಷ್ಟೂ ಮೈಕಿಲ್ಲದೆ ಆಡಿ. ಇಲ್ಲವಾದರೆ ಯಾರು ಎಲ್ಲಿ ನಿಲ್ಲಬೇಕೆಂದು ಹೆಜ್ಜೆ ಎಣಿಸಿ ಗೊತ್ತುಮಾಡಿಕೊಳ್ಳಿ. ಹೊಸ ರಂಗಮಂದಿರಕ್ಕೆ ಹೋದಾಗಲೆಲ್ಲ, ಸೆಟ್ಟು ಏರಿಸಿದ ಮೇಲೆ, ಅರ್ಧ ಗಂಟೆ ರಂಗ ಅವರೊಬ್ಬರದೇ ಆಗಿರಲಿ.

ಪ್ರಶ್ನೆ: ಎರಡು ಗಂಟೆಯ ನಾಟಕಕ್ಕೆ ಸಂಜ್ಞಾ ಭಾಷೆಯ ಅನುವಾದಕರನ್ನು ಮೂಲೆಯಲ್ಲಿ ನಿಲ್ಲಿಸಿದ್ದೆವು. ಕಿವಿ ಕೇಳದ ಪ್ರೇಕ್ಷಕರು ಅರ್ಧಕ್ಕೇ ಎದ್ದುಹೋದರು. ಏಕೆ?

ಉತ್ತರ: ಆ ಮೂಲೆಯೇ ಕಾರಣವಿರಬೇಕು. ನಟರು ಒಂದು ತುದಿ, ಅನುವಾದಕರು ಇನ್ನೊಂದು ತುದಿಯಾದರೆ ಕತ್ತು ತಿರುಗಿಸುವುದರಲ್ಲೇ ನಾಟಕ ಮುಗಿಯುತ್ತದೆ. ಮುಖ್ಯ ದೃಶ್ಯಗಳು ನಡೆಯುವ ಬದಿಗೇ ಅವರನ್ನು ನಿಲ್ಲಿಸಿ, ಈ ಪ್ರೇಕ್ಷಕರ ಆಸನಗಳನ್ನೂ ಅದೇ ಬದಿಯಲ್ಲಿ ಕಾದಿರಿಸಿ. 20-30 ನಿಮಿಷವಾದರೆ ಅನುವಾದಕರು ದಣಿದು ತಪ್ಪುತ್ತಾರೆ. ಸರದಿಗೆ ಇಬ್ಬರು ಬೇಕು, ಇಬ್ಬರಿಗೂ ಎರಡು ವಾರ ಮುಂಚೆ ಸ್ಕ್ರಿಪ್ಟ್ ಸಿಗಬೇಕು. ಅವರ ಮೇಲಿನ ಬಿಳಿ ದೀಪ ಕತ್ತಲ ದೃಶ್ಯದಲ್ಲೂ ಆರಬಾರದು. ಹುಬ್ಬೇರಿಸುವುದು, ತುಟಿ ಬಿಗಿಯುವುದು ಎಲ್ಲವೂ ಆ ಭಾಷೆಯಲ್ಲಿ ವ್ಯಾಕರಣ; ನೀಲಿ ಬೆಳಕಿನಲ್ಲಿ ಅವು ಕಾಣುವುದಿಲ್ಲ. ಅನುವಾದಕರ ಉಡುಪು ಮೈಬಣ್ಣದಿಂದ ಎದ್ದು ಬೇರೆಯಾಗಿ ಕಾಣುವ ಒಂದೇ ಬಣ್ಣದ್ದಿರಲಿ.

ಪ್ರಶ್ನೆ: ಮೂರಡಿ ಎತ್ತರದ ರಂಗಕ್ಕೆ ಗಾಲಿಕುರ್ಚಿಯ ನಟ ಹತ್ತಲು ಹತ್ತಡಿಯ ಇಳಿಜಾರು ಹಲಗೆ ಸಾಕೇ?

ಉತ್ತರ: ಸಾಲದು, ಕುರ್ಚಿ ಹಿಂದಕ್ಕೆ ಮಗುಚೀತು. ಒಂದಡಿ ಎತ್ತರಕ್ಕೆ ಹನ್ನೆರಡು ಅಡಿ ಉದ್ದ ಎಂಬುದು ಲೆಕ್ಕ. ನಿಮಗೆ 36 ಅಡಿ ಬೇಕು, ನಡುವೆ ಉಸಿರಾಡಲು ಐದಡಿ ಸಮತಟ್ಟು. ಅಷ್ಟು ಜಾಗವಿಲ್ಲದಿದ್ದರೆ ಅವರನ್ನು ಹೊತ್ತು ಏರಿಸಬೇಡಿ. ಇಡೀ ತಂಡವೇ ಕೆಳಗಿಳಿದು ನೆಲದ ಮೇಲೆ ಆಡಲಿ.